ಆರು ಗಂಟೆಗಳ ಆಜ್ಞೆ

ಮಾಹಿತಿ ತಂತ್ರಜ್ಞಾನ ಕಾಯ್ದೆಯ 70ಬಿ ಕಲಂ ತನಗಿತ್ತ ಅಧಿಕಾರದಿಂದ, ಸೈಬರ್ ದಾಳಿಗಳಿಗೆ ಸ್ಪಂದಿಸುವ ಕೇಂದ್ರ ಸರ್ಕಾರದ ಸರ್ಟ್-ಇನ್ ಸಂಸ್ಥೆಯು 2022ರ ಏಪ್ರಿಲ್ 28ರಂದು ಹೊರಡಿಸಿದ ನಿರ್ದೇಶನವು ಕೆಲವೇ ಪುಟಗಳದ್ದಾದರೂ, ಭಾರತ ಸರ್ಕಾರವು ಸೈಬರ್ ದಾಳಿಗಳನ್ನು ಎದುರಿಸಲು ಕೈಗೊಂಡ ಕ್ರಮಗಳಲ್ಲಿ ಅದಕ್ಕಿಂತ ದೂರಗಾಮಿಯಾದುದು ಇನ್ನೊಂದಿಲ್ಲವೆಂದು ನಾನು ಭಾವಿಸುತ್ತೇನೆ. ದಾಳಿಯು ಗಮನಕ್ಕೆ ಬಂದ ಆರು ಗಂಟೆಗಳೊಳಗೆ ವರದಿ ಸಲ್ಲಿಸಬೇಕು. ಯಂತ್ರಗಳ ಚಟುವಟಿಕೆಯನ್ನು ದಾಖಲಿಸುವ ಲಾಗ್‌ಗಳನ್ನು 180 ದಿನ ಕಾಪಾಡಬೇಕು. ಬಳಕೆದಾರರ ಗುರುತನ್ನು ಮರೆಮಾಡುವ ವಿಪಿಎನ್ ಸೇವೆ ನೀಡುವವರು ತಮ್ಮ ಗ್ರಾಹಕರ ವಿವರಗಳನ್ನು ಐದು ವರ್ಷ ಇರಿಸಿಕೊಳ್ಳಬೇಕು. ಯಂತ್ರಗಳ ಎಲ್ಲ ಗಡಿಯಾರಗಳೂ ರಾಷ್ಟ್ರೀಯ ಮಾಹಿತಿ ವಿಜ್ಞಾನ ಕೇಂದ್ರವಾದ ಎನ್‌ಐಸಿಯ ಅಥವಾ ರಾಷ್ಟ್ರೀಯ ಭೌತ ಪ್ರಯೋಗಾಲಯದ ಕಾಲಮಾನವನ್ನು ಅನುಸರಿಸಬೇಕು. ಇವು ಅದರ ಮುಖ್ಯ ವಿಧಿಗಳು.

ಇವುಗಳಲ್ಲಿ ಗಡಿಯಾರದ ವಿಧಿಯು ಮೇಲ್ನೋಟಕ್ಕೆ ಕ್ಷುಲ್ಲಕವೆನಿಸಿದರೂ, ತನಿಖೆಯ ಮರ್ಮವನ್ನು ಬಲ್ಲವರು ಬರೆದುದೆಂಬುದರಲ್ಲಿ ಸಂಶಯವಿಲ್ಲ. ಆಕ್ರಮಣಕಾರನೊಬ್ಬನು ಬ್ಯಾಂಕಿನ ಒಂದು ಶಾಖೆಯ ಕಂಪ್ಯೂಟರನ್ನು ಪ್ರವೇಶಿಸಿ, ಅಲ್ಲಿಂದ ದೂರದ ಊರಿನ ಸರ್ವರಿಗೆ ದಾಟಿ, ಅಲ್ಲಿಂದ ಮೂರನೆಯದೊಂದಕ್ಕೆ ನುಸುಳಿದನೆಂದಿಟ್ಟುಕೊಳ್ಳಿ; ಆ ಮೂರು ಯಂತ್ರಗಳ ಗಡಿಯಾರಗಳು ಪರಸ್ಪರ ಕೆಲವು ನಿಮಿಷಗಳಷ್ಟು ಹಿಂದುಮುಂದಾಗಿದ್ದರೆ, ಯಾವುದು ಮೊದಲು ಕೆಟ್ಟಿತು, ಯಾವುದರಿಂದ ಯಾವುದಕ್ಕೆ ರೋಗ ಹಬ್ಬಿತು ಎಂಬುದನ್ನು ನಿರ್ಣಯಿಸುವುದೇ ದುಸ್ಸಾಧ್ಯವಾಗುತ್ತದೆ. ಈ ವಿಧಿಯನ್ನು ನಾನು ಮನಸಾರೆ ಮೆಚ್ಚುತ್ತೇನೆ. ವಿಪಿಎನ್ ವಿಧಿಯ ಫಲವಾದರೋ ಬೇರೆಯಾಯಿತು: ಹೆಸರಾಂತ ವಿದೇಶಿ ಸಂಸ್ಥೆಗಳು ತಮ್ಮ ಸರ್ವರುಗಳನ್ನೇ ಇಲ್ಲಿಂದ ತೆರವು ಮಾಡಿದವು.

ಆರು ಗಂಟೆಗಳ ಗಡುವು ಕಠಿನವಾದುದು. ಐರೋಪ್ಯ ಒಕ್ಕೂಟವು ವೈಯಕ್ತಿಕ ದತ್ತಾಂಶದ ಸೋರಿಕೆಯನ್ನು ತಿಳಿಸಲು 72 ಗಂಟೆಗಳನ್ನು ಕೊಡುತ್ತದೆ. ಆದರೆ ನನ್ನ ಆಕ್ಷೇಪ ಗಡುವಿನ ಮೇಲಲ್ಲ. ಸಂಸ್ಥೆಗಳಿಂದ ಇಷ್ಟು ತ್ವರೆಯಿಂದ ಸತ್ಯವನ್ನು ಕೇಳುವ ಪ್ರಭುತ್ವವು, ತಾನು ತಿಳಿದುದನ್ನು ಪ್ರಜೆಗಳಿಗೆ ತಿಳಿಸುವ ಹೊಣೆಯನ್ನು ಅದೇ ಪತ್ರದಲ್ಲಿ ಎಲ್ಲಿಯೂ ಹೊತ್ತುಕೊಂಡಿಲ್ಲ.

ಈ ನಿರ್ದೇಶನಕ್ಕೆ ಮುನ್ನವೇ, 2019ರ ಅಕ್ಟೋಬರ್ 29ರಂದು, ಕೂಡಂಕುಳಂ ಅಣುವಿದ್ಯುತ್ ಸ್ಥಾವರದವರು ತಮ್ಮ ನಿಯಂತ್ರಣ ವ್ಯವಸ್ಥೆಯ ಮೇಲೆ ಸೈಬರ್ ದಾಳಿ ಸಾಧ್ಯವೇ ಇಲ್ಲವೆಂದು ಸಾರಿದರು. ಮರುದಿನ ಅಣುವಿದ್ಯುತ್ ನಿಗಮವು ಮಾಲ್‌ವೇರ್ ಹೊಕ್ಕಿದ್ದು ನಿಜವೆಂದೂ, ಅದು ಆಡಳಿತ ಕಾರ್ಯಕ್ಕೆ ಬಳಸುವ ಜಾಲದ ಒಂದು ಕಂಪ್ಯೂಟರಿಗೆ ಸೀಮಿತವೆಂದೂ, ಸರ್ಟ್-ಇನ್ ಸೆಪ್ಟೆಂಬರ್ 4ರಂದೇ ಅದನ್ನು ತಿಳಿಸಿತ್ತೆಂದೂ ಒಪ್ಪಿಕೊಂಡಿತು. ಸರ್ಟ್-ಇನ್ ತನ್ನ ಕರ್ತವ್ಯವನ್ನು ನೆರವೇರಿಸಿತ್ತು. ಸುಮಾರು ಎರಡು ತಿಂಗಳು ಏನನ್ನೂ ಅರಿಯದೆ ಉಳಿದವರು ಸ್ಥಾವರದ ಸುತ್ತಲಿನ ಜನರು.

ಇನ್ನು 2022ರ ನವೆಂಬರ್ 23ರಂದು ದೆಹಲಿಯ ಏಮ್ಸ್ ಆಸ್ಪತ್ರೆಯ ಸರ್ವರುಗಳು ಸೈಬರ್ ದಾಳಿಯಿಂದ ಸ್ತಬ್ಧವಾದುದನ್ನು ನೋಡಿ. ನೋಂದಣಿ, ಬಿಲ್ಲು, ಪ್ರಯೋಗಾಲಯದ ವರದಿ ಎಲ್ಲವೂ ಕೈಬರಹಕ್ಕೆ ಇಳಿದು, ದೂರದ ಊರುಗಳಿಂದ ಬಂದ ರೋಗಿಗಳು ದಿನಗಟ್ಟಲೆ ಸಾಲಿನಲ್ಲಿ ನಿಂತರು. ಐದು ಸರ್ವರುಗಳು ಬಾಧಿತವಾದವೆಂದೂ, ಜಾಲವನ್ನು ಸರಿಯಾಗಿ ವಿಭಾಗಿಸದಿದ್ದುದೇ ಕಾರಣವೆಂದೂ ಸರ್ಕಾರವು ಸಂಸತ್ತಿಗೆ ಉತ್ತರವಿತ್ತಿತು. ಇದು ಬಹು ಮುಖ್ಯವಾದ ಪಾಠ. ಜಿಲ್ಲಾಸ್ಪತ್ರೆಯೊಂದರ ಕಂಪ್ಯೂಟರ್ ವ್ಯವಸ್ಥಾಪಕನು ತನ್ನ ಜಾಲವನ್ನು ಹೇಗೆ ಬೇರ್ಪಡಿಸಬೇಕೆಂದು ಕಲಿಯಬೇಕಾದರೆ ಅವನಿಗೆ ಬೇಕಾದುದು ಆ ಒಂದು ವಾಕ್ಯವಲ್ಲ, ಸವಿವರವಾದ ತನಿಖಾ ವರದಿ. ಅದಕ್ಕೆ ವ್ಯತಿರಿಕ್ತವಾಗಿ, 2023ರ ನವೆಂಬರಿನಲ್ಲಿ ಸರ್ಟ್-ಇನ್ ಸಂಸ್ಥೆಯನ್ನು ಮಾಹಿತಿ ಹಕ್ಕು ಕಾಯ್ದೆಯ ಎರಡನೆಯ ಅನುಸೂಚಿಗೆ ಸೇರಿಸಲಾಯಿತು. ಭ್ರಷ್ಟಾಚಾರ ಮತ್ತು ಮಾನವ ಹಕ್ಕು ಉಲ್ಲಂಘನೆಯ ಆರೋಪಗಳನ್ನು ಬಿಟ್ಟರೆ ಅಲ್ಲಿಂದ ಮಾಹಿತಿ ಪಡೆಯುವ ಮಾರ್ಗ ಮುಚ್ಚಿತು.

ರಾಷ್ಟ್ರದ ಭದ್ರತೆಗೆ ಗೌಪ್ಯವು ಅವಶ್ಯವೆಂಬುದನ್ನು ನಾನು ಅಲ್ಲಗಳೆಯುವುದಿಲ್ಲ. ಸರಿಪಡಿಸದ ದೋಷವನ್ನು ಊರಿಗೆಲ್ಲ ಸಾರುವುದು ವೈರಿಗೆ ದಾರಿ ತೋರಿದಂತೆಯೇ ಸರಿ. ಆದರೆ 158 ಮಂದಿ ಅಸುನೀಗಿದ 2010ರ ಮಂಗಳೂರು ವಿಮಾನ ದುರಂತದ ಬಗೆಗೆ ನೇಮಕವಾದ ವಿಚಾರಣಾ ನ್ಯಾಯಾಲಯದ ವರದಿಯು ಪೈಲಟ್‌ನ ತಪ್ಪನ್ನೂ ಬಿಚ್ಚಿಟ್ಟು ಸಾರ್ವಜನಿಕವಾಯಿತು; ಅದರಿಂದ ವಿಮಾನಯಾನಕ್ಕೆ ಹಾನಿಯಾಗಲಿಲ್ಲ. ದೋಷವನ್ನು ಸರಿಪಡಿಸಿದ ಮೇಲೆ, ರಹಸ್ಯವಾಗಿಡಲೇಬೇಕಾದ ಅಂಶಗಳನ್ನು ಕಳೆದು, ದೊಡ್ಡ ಸೈಬರ್ ಘಟನೆಗಳ ತನಿಖಾ ವರದಿಗಳನ್ನೂ ಹಾಗೆಯೇ ಪ್ರಕಟಿಸುವಂತೆ ಕಾನೂನು ವಿಧಿಸಬೇಕು. ನಮ್ಮ ಸಂಸತ್ ಸದಸ್ಯರು ಮುಂದಿನ ಅಧಿವೇಶನದಲ್ಲಿಯೇ ಈ ಪ್ರಶ್ನೆಯನ್ನು ಎತ್ತಬೇಕೆಂದು ಕೇಳಿಕೊಳ್ಳುತ್ತೇನೆ.