ಊಟಕ್ಕೆ ಕರೆದು ಕೂಡಿಹಾಕುವ ಹಾಸ್ಯ

ಕಚೇರಿಯನ್ನು ಸಾಕ್ಷ್ಯಚಿತ್ರದ ಸೋಗಿನಲ್ಲಿ ತೋರಿಸುವ ಹಾಸ್ಯ ಧಾರಾವಾಹಿಗಳಿಗೆ ಒಂದು ಸುಲಭದ ಊರುಗೋಲಿದೆ. ದೃಶ್ಯ ಸಪ್ಪೆಯಾಯಿತೋ, ಪಾತ್ರವೊಂದನ್ನು ಕುರ್ಚಿಯಲ್ಲಿ ಕೂರಿಸಿ ಕ್ಯಾಮೆರಾದ ಮುಂದೆ ಮಾತಾಡಿಸಿಬಿಟ್ಟರಾಯಿತು. ‘ದಿ ಆಫೀಸ್’ನ ಅಮೆರಿಕನ್ ಆವೃತ್ತಿಯೂ ಇದನ್ನು ಧಾರಾಳವಾಗಿಯೇ ಬಳಸಿದೆ. ಆದರೆ 2008ರ ಏಪ್ರಿಲ್‌ನಲ್ಲಿ, ಬರಹಗಾರರ ಮುಷ್ಕರ ಮುಗಿದ ಮೇಲೆ ಪ್ರಸಾರವಾದ ಅದರ ಮೊದಲ ಸಂಚಿಕೆ ‘ಡಿನ್ನರ್ ಪಾರ್ಟಿ’ ನೆಚ್ಚಿಕೊಂಡದ್ದು ಆ ಕುರ್ಚಿಯನ್ನಲ್ಲ, ಇಕ್ಕಟ್ಟಾದ ಒಂದು ಮನೆಯನ್ನು. ಅದರ ಗೆಲುವಿರುವುದೂ ಅಲ್ಲೇ.

ಲೀ ಐಸೆನ್‌ಬರ್ಗ್ ಮತ್ತು ಜೀನ್ ಸ್ಟಪ್ನಿಟ್‌ಸ್ಕಿ ಅವರ ಚಿತ್ರಕಥೆ ಮೊದಲ ನಿಮಿಷಗಳಲ್ಲೇ ಬಾಗಿಲು ಹಾಕಿಬಿಡುತ್ತದೆ. ರಾತ್ರಿಯೆಲ್ಲ ಕೆಲಸವಿದೆ ಎಂದು ಕಚೇರಿಯ ಮ್ಯಾನೇಜರ್ ಮೈಕಲ್ ಸುಳ್ಳು ಹೇಳುತ್ತಾನೆ, ಆಮೇಲೆ ಅದನ್ನು ರದ್ದು ಮಾಡುತ್ತಾನೆ. ಅವನ ಕೈಕೆಳಗಿನ ಜಿಮ್ ಮತ್ತು ಪ್ಯಾಮ್‌ಗೆ ಅವನ ಮನೆಯ ಊಟ ತಪ್ಪಿಸಿಕೊಳ್ಳಲು ಈಗ ನೆಪ ಹೇಳಲು ಏನೂ ಉಳಿದಿಲ್ಲ. ಊಟ ಬೇಯಲು ಇನ್ನೂ ಮೂರು ತಾಸು. ಅಲ್ಲಿಂದಾಚೆಗೆ ನಿರ್ದೇಶಕ ಪಾಲ್ ಫೀಗ್ ನಗೆಯನ್ನು ವಸ್ತುಗಳ ಬಾಯಿಂದ ಹೊರಡಿಸುತ್ತಾರೆ. ಗೋಡೆಯ ಮೇಲಿನ ಪುಟಾಣಿ ಪ್ಲಾಸ್ಮಾ ಟಿವಿಯನ್ನು ಮೈಕಲ್ ಹೆಮ್ಮೆಯಿಂದ ಒಳಕ್ಕೆ ತಳ್ಳಿ ತೋರಿಸುತ್ತಾನೆ. ಮಲಗುವ ಕೋಣೆಯಲ್ಲಿ, ಮಂಚದ ಕಾಲಬುಡದ ಬೆಂಚೇ ಅವನ ಹಾಸಿಗೆ ಎಂದು ಗೊತ್ತಾಗುತ್ತದೆ. ಹಿನ್ನೆಲೆ ಸಂಗೀತವಿಲ್ಲ, ನಗುವಿನ ಧ್ವನಿಮುದ್ರಿಕೆ ಇಲ್ಲ. ಮೈಕಲ್ ಮತ್ತು ಅವನ ಸಂಗಾತಿ ಜಾನ್‌ಳ ಸಂಬಂಧ ಹದಗೆಟ್ಟಿದೆ ಎಂದು ಯಾರೂ ವಿವರಿಸಬೇಕಾಗಿಲ್ಲ, ಆ ಬೆಂಚನ್ನು ನೋಡಿದರೆ ಸಾಕು. ಕಚೇರಿಯಲ್ಲಾದರೆ ಜಿಮ್ ಕ್ಯಾಮೆರಾದತ್ತ ಬೀರುವ ಓರೆನೋಟ ಅವನಿಗೊಂದು ಬಿಡುಗಡೆ. ಇಲ್ಲಿ ಅದು ಸಹಾಯಕ್ಕಾಗಿ ಮೊರೆಯಿಟ್ಟಂತೆ ಕಾಣುತ್ತದೆ.

ರಾತ್ರಿ ಹೊತ್ತಿನಲ್ಲಿ ಒಬ್ಬರ ಮನೆಯೊಳಗೆ ಚಿತ್ರತಂಡಕ್ಕೇನು ಕೆಲಸ ಎಂದು ಕೇಳಬಹುದು. ತನ್ನನ್ನು ಯಾರಾದರೂ ನೋಡುತ್ತಿರಬೇಕೆಂಬ ಹಪಾಹಪಿಯ ಮೈಕಲ್ ಕ್ಯಾಮೆರಾವನ್ನು ಹೊರಗೆ ನಿಲ್ಲಿಸಿದ್ದರೇ ನಂಬುವುದು ಕಷ್ಟವಾಗುತ್ತಿತ್ತು. ಜಾನ್‌ಳನ್ನು ಬರೀ ರಾಕ್ಷಸಿಯಾಗಿಸಿದ್ದಾರೆ ಎಂಬ ಆಕ್ಷೇಪ ಇದಕ್ಕಿಂತ ಗಟ್ಟಿಯಾದದ್ದು. ಒಂದು ಕಾಲಕ್ಕೆ ಮೈಕಲ್‌ನ ಮೇಲಧಿಕಾರಿಯಾಗಿದ್ದು ಕೆಲಸ ಕಳೆದುಕೊಂಡವಳು ಅವಳು; ಆ ನೋವಿಗೆ ಚಿತ್ರಕಥೆ ಕೊಡುವ ಜಾಗ ಕಡಿಮೆಯೇ. ಆದರೂ ಟಿವಿಗೆ ಎಸೆದು ತಾನೇ ಮುರಿದ ಮೈಕಲ್‌ನ ಟ್ರೋಫಿಯನ್ನು ಅವಳು ಕೊನೆಯಲ್ಲಿ ಅಂಟಿಸುತ್ತ ಕೂರುವ ಮಾತಿಲ್ಲದ ದೃಶ್ಯ, ಮೆಲೋರಾ ಹಾರ್ಡಿನ್ ಅಭಿನಯದಿಂದಾಗಿ, ಆ ಕೊರತೆಯನ್ನು ಒಂದಿಷ್ಟಾದರೂ ತುಂಬುತ್ತದೆ. ನಿಜವಾದ ಸಡಿಲು ಇರುವುದು ಬೇರೆಡೆ: ಕರೆಯದೆ ಬರುವ ಸಹೋದ್ಯೋಗಿ ಡ್ವೈಟ್ ತನ್ನ ಬಾಲ್ಯದ ಆಯಾಳನ್ನೂ ಜೊತೆಗೆ ಕರೆತರುತ್ತಾನೆ. ಅದು ಮಾಮೂಲಿ ಸಂಚಿಕೆಯೊಂದರಿಂದ ಎರವಲು ತಂದ ತಮಾಷೆ. ಬಾಗಿಲು ಮುಚ್ಚಿ ಕಟ್ಟಿದ ಬಿಗಿಯನ್ನು, ಅದೇ ಬಾಗಿಲು ತೆರೆದು ಒಂದಿಷ್ಟು ಹೊತ್ತು ಪೋಲು ಮಾಡಿದ್ದಾರೆ.