ಹುಬ್ಬು ಒಂದಿಷ್ಟು ಮೇಲೇರಿದರೆ ಸಾಕು

ಎರಡನೇ ಮಹಾಯುದ್ಧದಲ್ಲಿ ಇಂಗ್ಲಿಷ್ ನಟ ಜಾನ್ ಲ ಮೆಜರರ್ ಬ್ರಿಟಿಷ್ ಸೇನೆಯಲ್ಲಿ ಕ್ಯಾಪ್ಟನ್ ಆಗಿದ್ದರು. ಅದೇ ಯುದ್ಧದಲ್ಲಿ ಇನ್ನೊಬ್ಬ ನಟ ಆರ್ಥರ್ ಲೋ ಸಾರ್ಜೆಂಟ್ ಮೇಜರ್ ದರ್ಜೆಗೆ ಏರಿದ್ದರು. 1968ರ ಜುಲೈ ಕೊನೆಯಲ್ಲಿ ಬಿಬಿಸಿಯಲ್ಲಿ, ಯುದ್ಧಕಾಲದಲ್ಲಿ ಊರು ಕಾಯುವ ಹೋಮ್ ಗಾರ್ಡ್ ಸ್ವಯಂಸೇವಕರ ಹಾಸ್ಯ ಧಾರಾವಾಹಿ 'ಡ್ಯಾಡ್ಸ್ ಆರ್ಮಿ' ಶುರುವಾದಾಗ ಪಾತ್ರಗಳು ಅದಲುಬದಲಾದವು. ಲೋ ಅಪ್ಪಣೆ ಕೊಡುವ ಕ್ಯಾಪ್ಟನ್ ಮ್ಯಾನರಿಂಗ್ ಆದರು, ಲ ಮೆಜರರ್ ಅವನ ಕೈಕೆಳಗಿನ ಸಾರ್ಜೆಂಟ್ ವಿಲ್ಸನ್. ನೋಡಿದವರೆಲ್ಲ ಇದು ತಿರುಗುಮುರುಗಾಗಿದೆ ಅಂದುಕೊಳ್ಳುವಂತಿತ್ತು. ಒಂಬತ್ತು ವರ್ಷ, 80 ಕಂತು, ಆ ಧಾರಾವಾಹಿ ನಡೆದದ್ದು ಮುಖ್ಯವಾಗಿ ಈ ತಿರುಗುಮುರುಗಿನ ಬಲದ ಮೇಲೆಯೇ.

ನಾವು ಕನ್ನಡದಲ್ಲಿ 'ಪೋಷಕ ನಟ' ಅನ್ನುತ್ತೇವೆ. ನಾಯಕನನ್ನು ಪೋಷಿಸುವವನು, ಅಂದರೆ ಎರಡನೇ ಪಂಕ್ತಿಯವನು ಎಂಬ ಧ್ವನಿ ಆ ಮಾತಿನಲ್ಲಿದೆ. ಇಂಗ್ಲೆಂಡಿನಲ್ಲಿ ಇಂಥವರನ್ನು ಕ್ಯಾರೆಕ್ಟರ್ ಆಕ್ಟರ್ ಎನ್ನುತ್ತಾರೆ. ಅಲ್ಲಿ ಒತ್ತು ಬೀಳುವುದು ನಾಯಕನ ಮೇಲಲ್ಲ, ಪಾತ್ರದ ಮೇಲೆ. ಲ ಮೆಜರರ್ ತಮಗೇ ಇಟ್ಟುಕೊಂಡ ಹೆಸರು ಇನ್ನೂ ಸಣ್ಣದು. ಅವರು ತೀರಿಕೊಂಡ ಮೇಲೆ, 1984ರಲ್ಲಿ ಹೊರಬಂದ ಆತ್ಮಕಥೆಯ ಹೆಸರು 'ಎ ಜಾಬಿಂಗ್ ಆಕ್ಟರ್', ಸಿಕ್ಕ ಕೆಲಸ ಮಾಡಿಕೊಂಡು ಹೋಗುವ ನಟ. ನೂರಕ್ಕೂ ಹೆಚ್ಚು ಸಿನಿಮಾಗಳಲ್ಲಿ ಕಾಣಿಸಿಕೊಂಡವರ ಮಾತಿದು. ನ್ಯಾಯಾಧೀಶ, ಮನೋವೈದ್ಯ, ಜೈಲಿನ ಗವರ್ನರ್, ಕಚೇರಿಯ ಮ್ಯಾನೇಜರ್: ಹೆಚ್ಚಿನವು ಬಂದಷ್ಟೇ ಬೇಗ ಹೋಗುವ ಪಾತ್ರಗಳು.

ಈ ನಟರ ಗರಡಿ ರೆಪರ್ಟರಿ ರಂಗಭೂಮಿ. 1908ರ ಸುಮಾರಿಗೆ ಮ್ಯಾಂಚೆಸ್ಟರಿನಲ್ಲಿ ಆನಿ ಹಾರ್ನಿಮನ್, 1913ರಲ್ಲಿ ಬರ್ಮಿಂಗ್‌ಹ್ಯಾಮಿನಲ್ಲಿ ಬ್ಯಾರಿ ಜಾಕ್ಸನ್ ಕಟ್ಟಿದ್ದು ಗಂಭೀರ ನಾಟಕದ ಮನೆಗಳನ್ನು. ಸಣ್ಣ ಊರುಗಳಿಗೆ ಬರುವ ಹೊತ್ತಿಗೆ ಅದು ವಾರಕ್ಕೊಂದು ನಾಟಕ ಹೊರಹಾಕುವ ಕಾರ್ಖಾನೆಯಾಯಿತು. ರಾತ್ರಿ ಈ ವಾರದ ನಾಟಕ, ಬೆಳಿಗ್ಗೆ ಮುಂದಿನ ವಾರದ್ದರ ತಾಲೀಮು, ನಡುವೆ ಸಿಕ್ಕ ಹೊತ್ತಿನಲ್ಲಿ ಮಾತು ಬಾಯಿಪಾಠ. ಸಾಮಾಜಿಕ ನಾಟಕವಾದರೆ ಸೂಟು, ಟೈ ನಟನೇ ತರಬೇಕು. ಪಾತ್ರದ ಒಳಮನಸ್ಸನ್ನು ಹುಡುಕುತ್ತ ಕೂರಲು ಅಲ್ಲಿ ಯಾರಿಗೆ ಪುರುಸೊತ್ತು? ಒಂದು ನಡಿಗೆ, ಒಂದು ದನಿ, ಟೋಪಿ ತೆಗೆಯುವ ಒಂದು ರೀತಿ ಹಿಡಿದುಬಿಟ್ಟರೆ ಮನುಷ್ಯ ಬಂದು ನಿಲ್ಲುತ್ತಿದ್ದ. ಲ ಮೆಜರರ್ 1934ರಲ್ಲಿ ಎಡಿನ್‌ಬರೊದ ಇಂಥದೊಂದು ತಂಡ ಸೇರಿದರು. ಲೋ ಯುದ್ಧ ಮುಗಿದ ಮೇಲೆ ಮ್ಯಾಂಚೆಸ್ಟರಿನಲ್ಲಿ ಶುರುಮಾಡಿದರು. ವಿಮಾ ಕಚೇರಿಯ ಗುಮಾಸ್ತಿಕೆ ಬಿಟ್ಟು ಬಂದ ಲೆನರ್ಡ್ ರೋಸಿಟರ್ ಪ್ರೆಸ್ಟನ್ನಿನಲ್ಲಿ ಪಳಗಿದರು.

ಇವರನ್ನೆಲ್ಲ ಟೆಲಿವಿಷನ್ ಬಾಚಿಕೊಂಡಿತು. ಸಿನಿಮಾಗೆ ಸುಂದರ ಮುಖ ಬೇಕಿತ್ತು. ಟಿವಿಗೆ ಬೇಕಿದ್ದದ್ದು ಬೇಗ ಕಲಿತು, ತಪ್ಪದೆ ಒಪ್ಪಿಸುವ ಜನ. ಅದರಲ್ಲೂ ನೇರಪ್ರಸಾರದ ಕಾಲದಲ್ಲಿ. 1958ರ ನವೆಂಬರಿನಲ್ಲಿ 'ಅಂಡರ್‌ಗ್ರೌಂಡ್' ಎಂಬ ನಾಟಕ ನೇರವಾಗಿ ಪ್ರಸಾರವಾಗುತ್ತಿದ್ದಾಗಲೇ ಗ್ಯಾರೆತ್ ಜೋನ್ಸ್ ಎಂಬ ನಟ ಸ್ಟುಡಿಯೋದಲ್ಲಿ ಕುಸಿದು ಸತ್ತರು. ಉಳಿದವರು ಅವರ ಭಾಗವನ್ನು ಹೇಗೋ ಸರಿದೂಗಿಸಿ ನಾಟಕ ಮುಗಿಸಿದರು. ಎಂಥ ಕ್ರೂರ ಶಿಸ್ತು ಅನ್ನಿಸುತ್ತದೆ. ಆದರೆ ವಾರಕ್ಕೊಂದು ನಾಟಕ ಆಡಿದವರಿಗಲ್ಲದೆ ಬೇರೆಯವರಿಗೆ ಅದು ಸಾಧ್ಯವಿರಲಿಲ್ಲ. ವಿಪರ್ಯಾಸವೆಂದರೆ ಆ ಗರಡಿಮನೆಗಳ ಪ್ರೇಕ್ಷಕರನ್ನು ಮನೆಯ ಸೋಫಾದಲ್ಲಿ ಕಟ್ಟಿಹಾಕಿದ್ದೂ ಇದೇ ಟೆಲಿವಿಷನ್. ಹಣ್ಣು ಕೊಯ್ದವರೇ ಬೇರು ಕಡಿದರು.

ಈ ಪರಂಪರೆಯ ಹೆಚ್ಚುಗಾರಿಕೆ ಏನೆಂದು ತಿಳಿಯಬೇಕಾದರೆ ವಿಲ್ಸನ್‌ನನ್ನು ನೋಡಬೇಕು. ಇಬ್ಬರೂ ಹಗಲು ಕೆಲಸ ಮಾಡುವ ಬ್ಯಾಂಕಿನಲ್ಲೂ ಮ್ಯಾನರಿಂಗನೇ ಮ್ಯಾನೇಜರ್, ವಿಲ್ಸನ್ ಅವನ ಗುಮಾಸ್ತ. ಆದರೆ ವಿಲ್ಸನ್ ದೊಡ್ಡ ಮನೆತನದವನು, ಶ್ರೀಮಂತರ ಶಾಲೆಯಲ್ಲಿ ಓದಿದವನು. ಮ್ಯಾನರಿಂಗ್ ಬೆವರು ಸುರಿಸಿ ಮೇಲೆ ಬಂದವನು, ಬಂದ ಮೇಲೂ ನೆಮ್ಮದಿಯಿಲ್ಲ. ಕಥೆಯಲ್ಲಿರುವುದು ಇಷ್ಟೇ. ಮಿಕ್ಕಿದ್ದನ್ನು ಲ ಮೆಜರರ್ ಮೈಯಲ್ಲೇ ಬರೆದರು. ಸೈನಿಕರಿಗೆ ಸಾಲಾಗಿ ನಿಲ್ಲಿ ಎಂದು ಗದರಬೇಕಾದಲ್ಲಿ, ದಯವಿಟ್ಟು ತೊಂದರೆಯಾಗದಿದ್ದರೆ ನಿಲ್ಲುತ್ತೀರಾ ಎಂಬ ದನಿ. ಸಮವಸ್ತ್ರದಲ್ಲೂ ಒಂದು ಬಗೆಯ ಸಡಿಲ. ಮ್ಯಾನರಿಂಗ್ ಏನೋ ಮೂರ್ಖತನ ಘೋಷಿಸುತ್ತಾನೆ. ವಿಲ್ಸನ್ ಹುಬ್ಬು ಕೂದಲೆಳೆಯಷ್ಟು ಮೇಲೆತ್ತಿ, ಅದು ಜಾಣತನವೇ ಸರ್ ಎಂದು ಕೇಳುತ್ತಾನೆ. ಆ ವಿನಯದಲ್ಲಿ ಮುನ್ನೂರು ವರ್ಷದ ಅಹಂಕಾರವಿದೆ. ಲೋ ಅವರ ಮುಖದಲ್ಲಿ ಆಗ ಏರುವ ರಕ್ತ, ಕನ್ನಡಕದ ಹಿಂದಿನ ಆ ದಿಗಿಲು, ಇವನ್ನು ಯಾವ ಸಂಭಾಷಣಕಾರನೂ ಬರೆದುಕೊಡಲಾರ. ರೈಲ್ವೆ ನೌಕರನ ಮಗ ಲೋ, ವಕೀಲರ ಮಗ ಲ ಮೆಜರರ್. ಆ ಅಂತರವನ್ನು ಇಬ್ಬರೂ ಇಂಚುಪಟ್ಟಿ ಹಿಡಿದು ಅಳೆದಂತೆ ಬಲ್ಲವರು. 1970ರ ಒಂದು ಕಂತಿನಲ್ಲಿ ವಿಲ್ಸನ್‌ಗೂ ಬೇರೊಂದು ಶಾಖೆಯ ಮ್ಯಾನೇಜರ್ ಹುದ್ದೆ ಸಿಗುತ್ತದೆ, ಹೋಗಿ ಕುರ್ಚಿಯಲ್ಲಿ ಕೂರುವಷ್ಟರಲ್ಲಿ ಬಾಂಬು ಬಿದ್ದು ಶಾಖೆಯೇ ಇಲ್ಲವಾಗುತ್ತದೆ. ತಿರುಗಿ ಬಂದು ಹಳೆಯ ಜಾಗದಲ್ಲಿ ನಿಲ್ಲುವ ಆ ಮುಖದಲ್ಲಿ ನಗೆ ಹುಡುಕಿದರೆ ಸಿಗುವುದಿಲ್ಲ.

ಆದರೂ ಲ ಮೆಜರರ್ ಎಷ್ಟು ದೊಡ್ಡ ನಟ ಎಂಬುದಕ್ಕೆ ನಾನು ಕೊಡುವ ಸಾಕ್ಷಿ ಬೇರೆ. 1971ರಲ್ಲಿ ಡೆನಿಸ್ ಪಾಟರ್ ಬರೆದ 'ಟ್ರೇಟರ್' ಪ್ರಸಾರವಾಯಿತು. ದೇಶ ಬಿಟ್ಟು ಮಾಸ್ಕೋ ಸೇರಿದ ಇಂಗ್ಲಿಷ್ ಗೂಢಚಾರ ಏಡ್ರಿಯನ್ ಹ್ಯಾರಿಸ್. ಅವನ ಫ್ಲ್ಯಾಟಿಗೆ ಪಶ್ಚಿಮದ ಪತ್ರಕರ್ತರು ಬಂದು ಕೆದಕುತ್ತಾರೆ. ಅದೇ ತಡವರಿಕೆ, ಅದೇ ಸುಸಂಸ್ಕೃತ ಸುಸ್ತು, ಅದೇ ಹುಬ್ಬು. ವಿಲ್ಸನ್‌ನಲ್ಲಿ ಮೋಹಕವಾಗಿದ್ದದ್ದು ಇಲ್ಲಿ ಕೊಳೆಯುತ್ತಿರುವುದು ಕಾಣುತ್ತದೆ. ಬಾಫ್ಟಾದ ಶ್ರೇಷ್ಠ ನಟ ಪ್ರಶಸ್ತಿ ಬಂತು. ಆಗ ಅವರಿಗೆ ಅರವತ್ತರ ಹತ್ತಿರ. ನಿರ್ಮಾಪಕರು ಸಾಲುಗಟ್ಟಿ ನಿಂತರು ಎಂದು ಬರೆಯಲು ಆಸೆಯಾಗುತ್ತದೆ. ಆದರೆ ಲ ಮೆಜರರ್ ಮರಳಿ ಹೋದದ್ದು ವಿಲ್ಸನ್‌ನ ಸಮವಸ್ತ್ರಕ್ಕೆ. ಈ ಪರಂಪರೆ ತನ್ನವರನ್ನು ಒಂದು ಗೂಡಿನಲ್ಲಿಟ್ಟು ಬೀಗ ಹಾಕುತ್ತಿತ್ತು.

ಇದಕ್ಕಿಂತ ದೊಡ್ಡ ದೋಷವೊಂದಿದೆ. 'ಡ್ಯಾಡ್ಸ್ ಆರ್ಮಿ' ಬರೆದ ಜಿಮ್ಮಿ ಪೆರಿ ಮತ್ತು ಡೇವಿಡ್ ಕ್ರಾಫ್ಟ್ 1974ರಲ್ಲಿ 'ಇಟ್ ಏಂಟ್ ಹಾಫ್ ಹಾಟ್ ಮಮ್' ತಂದರು. ದೇವಳಾಲಿಯ ಸೇನಾ ಶಿಬಿರದ ಕಥೆ. ಅದರ ಮುಖ್ಯ ಭಾರತೀಯ ಪಾತ್ರ ರಂಗಿ ರಾಮ್‌ಗೆ ಬಣ್ಣ ಬಳಿದುಕೊಂಡು ಬಂದವರು ಮೈಕೆಲ್ ಬೇಟ್ಸ್. ಅವರು ಝಾನ್ಸಿಯಲ್ಲಿ ಹುಟ್ಟಿದವರು, ಹಿಂದೂಸ್ತಾನಿ ಬಲ್ಲವರು, ಪಾತ್ರವನ್ನು ಪ್ರೀತಿಯಿಂದಲೇ ಮಾಡಿದರು. ನಿಜ. ಆದರೆ ಅದೇ ಧಾರಾವಾಹಿಯಲ್ಲಿ ಚಹಾ ಹಂಚುವವನಾಗಿ ಢಾಕಾದಲ್ಲಿ ಹುಟ್ಟಿದ ಡಿನೊ ಶಫೀಕ್ ಇದ್ದರಲ್ಲ! ಏಷ್ಯಾದ ನಟರು ಸಿಗಲಿಲ್ಲ ಎಂಬ ಸಬೂಬು ಅಲ್ಲಿಗೇ ಸುಳ್ಳಾಗುತ್ತದೆ. ಚಹಾ ಅವರಿಗೆ, ಮಾತು ಬೇಟ್ಸ್‌ಗೆ. ಲೋ ಅವರಿಗೆ ಬಾಫ್ಟಾ ತಂದುಕೊಟ್ಟ 'ಓ ಲಕಿ ಮ್ಯಾನ್!' ಸಿನಿಮಾದಲ್ಲಿ ಅವರು ಮಾಡಿದ ಮೂರು ಪಾತ್ರಗಳಲ್ಲಿ ಒಂದು ಕಪ್ಪು ಬಣ್ಣ ಬಳಿದುಕೊಂಡ ಆಫ್ರಿಕನ್ ಸರ್ವಾಧಿಕಾರಿ. ಸ್ವಂತ ನಾಡಿನ ಗುಮಾಸ್ತನಿಗೂ ಮ್ಯಾನೇಜರನಿಗೂ ನಡುವಿನ ಕೂದಲೆಳೆಯ ಅಂತರ ಹಿಡಿಯಬಲ್ಲ ಕಣ್ಣಿಗೆ ಉಳಿದ ಜಗತ್ತೆಲ್ಲ ಒಂದು ಡಬ್ಬಿ ಬಣ್ಣವಾಗಿ ಕಂಡಿತು. ಹೆಂಗಸರ ವಿಷಯಕ್ಕೆ ಬಂದರೆ, ಮ್ಯಾನರಿಂಗನ ಹೆಂಡತಿ ಎಲಿಜಬೆತ್ 80 ಕಂತುಗಳಲ್ಲಿ ಒಮ್ಮೆಯೂ ಮುಖ ತೋರಿಸುವುದಿಲ್ಲ. ಅದನ್ನು ತಮಾಷೆ ಎಂದೇ ಎಲ್ಲರೂ ಮೆಚ್ಚಿದರು.

ಈ ಕಥೆಯ ಒಂದು ಎಳೆ ನಮ್ಮ ಸಾವನದುರ್ಗಕ್ಕೂ ಬರುತ್ತದೆ. ಲಂಡನ್ನಿನ ಫೇ ಕಾಂಪ್ಟನ್ ನಟನಾ ಶಾಲೆಯಲ್ಲಿ ಲ ಮೆಜರರ್ ಅವರ ಸಹಪಾಠಿ ಆಲೆಕ್ ಗಿನ್ನೆಸ್. 1984ರಲ್ಲಿ ತೆರೆಕಂಡ ಡೇವಿಡ್ ಲೀನ್ ಅವರ 'ಎ ಪ್ಯಾಸೇಜ್ ಟು ಇಂಡಿಯಾ' ಬೆಂಗಳೂರು, ರಾಮನಗರ, ಸಾವನದುರ್ಗದ ಸುತ್ತ ಚಿತ್ರೀಕರಣವಾಯಿತು. ಅದರಲ್ಲಿ ಗಿನ್ನೆಸ್ ಕಂದುಬಣ್ಣ ಬಳಿದುಕೊಂಡು ಪ್ರೊಫೆಸರ್ ಗೋಡಬೋಲೆ ಆದರು. ಅದೇ ಸಿನಿಮಾದಲ್ಲಿ ಹಮೀದುಲ್ಲಾ ಆಗಿ ಸಯೀದ್ ಜಾಫ್ರಿ. ಮಲೇರ್‌ಕೋಟ್ಲಾದಲ್ಲಿ ಹುಟ್ಟಿದ ಜಾಫ್ರಿ ಅಷ್ಟರಲ್ಲಾಗಲೇ ಬ್ರಿಟಿಷ್ ಟೆಲಿವಿಷನ್ನಿನಲ್ಲಿ 'ಗ್ಯಾಂಗ್‌ಸ್ಟರ್ಸ್', 'ದ ಜ್ಯುವೆಲ್ ಇನ್ ದ ಕ್ರೌನ್' ಮಾಡಿದ್ದರು. ಇಬ್ಬರನ್ನೂ ಒಂದೇ ತೆರೆಯ ಮೇಲೆ ನೋಡಿ: ಗಿನ್ನೆಸ್ ಭಾರತೀಯನನ್ನು ನಟಿಸುತ್ತಾರೆ, ಜಾಫ್ರಿ ಒಬ್ಬ ಜಾಣ, ಬೇಸರಗೊಂಡ ವಕೀಲನನ್ನು ನಟಿಸುತ್ತಾರೆ. ರೆಪರ್ಟರಿಯ ಮೂಲ ಪಾಠ, ಜಾತಿಯನ್ನಲ್ಲ ವ್ಯಕ್ತಿಯನ್ನು ಹಿಡಿ ಎಂಬುದು, ಅಲ್ಲಿ ಜಾಫ್ರಿಯ ಬಳಿ ಇದೆ, ಗಿನ್ನೆಸ್ ಬಳಿ ಇಲ್ಲ.

ಲೋ 1982ರ ಏಪ್ರಿಲಿನಲ್ಲಿ ಬರ್ಮಿಂಗ್‌ಹ್ಯಾಮಿನ ರಂಗಮಂದಿರವೊಂದರ ಬಣ್ಣದ ಕೋಣೆಯಲ್ಲಿ, ಪ್ರದರ್ಶನಕ್ಕೆ ಮುಂಚೆ ಕುಸಿದರು. ರೋಸಿಟರ್ 1984ರಲ್ಲಿ 'ಲೂಟ್' ನಾಟಕ ನಡೆಯುತ್ತಿರುವಾಗಲೇ ಹೋದರು. ಲ ಮೆಜರರ್ 1983ರ ನವೆಂಬರಿನಲ್ಲಿ ತೀರಿಕೊಂಡರು. ತಮ್ಮ ಮರಣವಾರ್ತೆಯನ್ನು ತಾವೇ ಹೇಳಿಟ್ಟಿದ್ದರು. 'ಟೈಮ್ಸ್'ನಲ್ಲಿ ಅದು ಅಚ್ಚಾಯಿತು: ಹಳೆಯ ಯಂತ್ರ ಕೆಟ್ಟು ನಿಂತಿತು ಎಂಬಂಥ ಆಡುಮಾತಿನಲ್ಲಿ, ಮನೆಯವರೂ ಗೆಳೆಯರೂ ಜೊತೆಗಿಲ್ಲವೆಂದು ತನಗೆ ಬೇಸರವಾಗುತ್ತದೆ ಎಂಬ ಒಕ್ಕಣೆಯೊಂದಿಗೆ.

ಅವರನ್ನು ಇನ್ನೂ ನೋಡದವರು ವಿಲ್ಸನ್‌ನಿಂದ ಶುರುಮಾಡಬೇಡಿ. 'ಟ್ರೇಟರ್' ಮೊದಲು ನೋಡಿ, ಆಮೇಲೆ 'ಡ್ಯಾಡ್ಸ್ ಆರ್ಮಿ'.