ಆತ್ಮಲಿಂಗದ ಹೊದಿಕೆ, ಅಲಮೇಲಮ್ಮನ ಒಡವೆ

ಲೋಭಕ್ಕೆ ದಂಡ ತೆತ್ತವರ ಐತಿಹ್ಯಗಳಲ್ಲಿ ಶಾಪವು ವಸ್ತುವಿನಲ್ಲಿಯೇ ನೆಲೆಸಿರುವುದೆಂದೂ, ಅದು ಯಾರ ಕೈಸೇರಿದರೂ ಅವರನ್ನು ಕೆಡಿಸುವುದೆಂದೂ ಹೇಳುವ ವಾಡಿಕೆಯುಂಟು. ಪರದೇಶಗಳ ರತ್ನಕಥೆಗಳಿಗೆ ಈ ಲಕ್ಷಣವು ಹೊಂದಬಹುದು. ಕನ್ನಡನಾಡಿನ ಎರಡು ಪ್ರಸಿದ್ಧ ಕಥೆಗಳನ್ನು ಇದೇ ಅಳತೆಗೋಲಿನಿಂದ ಅಳೆಯುವುದು ಸಾಧುವಲ್ಲ.

ಶಿರಾಲಿಯ ಉತ್ತರಕ್ಕೆ ಕಡಲಂಚಿನಲ್ಲಿರುವ ಮುರುಡೇಶ್ವರದ ಸ್ಥಳಕಥೆಯು ವಿದಿತವೇ ಇದೆ. ರಾವಣನು ಶಿವನಿಂದ ಆತ್ಮಲಿಂಗವನ್ನು ಪಡೆದನು, ನೆಲಕ್ಕಿಡಕೂಡದೆಂಬುದು ನಿಯಮ. ಗೋಕರ್ಣದಲ್ಲಿ ಸಂಧ್ಯಾವಂದನೆಯ ಹೊತ್ತಾಗಲು ವಟುವೇಷದ ಗಣಪತಿಯ ಕೈಗೆ ಅದನ್ನು ಕೊಟ್ಟನು. ಗಣಪತಿಯು ಮೂರು ಸಲ ಕರೆದು ನೆಲಕ್ಕಿಟ್ಟುಬಿಟ್ಟನು. ಕೀಳಲಾರದೆ ಕ್ರುದ್ಧನಾದ ರಾವಣನು ಲಿಂಗದ ಸಂಪುಟ, ಮುಚ್ಚಳ, ದಾರ, ವಸ್ತ್ರಗಳನ್ನು ಎಸೆದನು. ಅವು ಬಿದ್ದ ಸಜ್ಜೇಶ್ವರ, ಗುಣವಂತೆ, ಧಾರೇಶ್ವರ, ಮುರುಡೇಶ್ವರಗಳು ಗೋಕರ್ಣದೊಡನೆ ಪಂಚಕ್ಷೇತ್ರಗಳೆನಿಸಿದುವು.

ಇದನ್ನು ದುರಾಶೆಯ ಫಲವೆಂದು ಬೋಧಿಸುವ ಉಪಾಧ್ಯಾಯರು ಕಥೆಯ ಮೊದಲನ್ನು ಮರೆಯುತ್ತಾರೆ. ತಾಯಿ ಕೈಕಸಿಯು ಕಡಲ ದಡದಲ್ಲಿ ಪೂಜಿಸುತ್ತಿದ್ದ ಮಳಲಿನ ಲಿಂಗವು ತೆರೆಗೆ ಕೊಚ್ಚಿಹೋದುದರಿಂದಲೇ ಮಗನು ತಪಸ್ಸಿಗೆ ಹೊರಟುದು. ಅಂಜಿಕೆಯೂ ವಂಚನೆಯೂ ದೇವತೆಗಳ ಕಡೆಯವು. (ರಾವಣನು ಗುದ್ದಿದ ಗುರುತನ್ನು ಗೋಕರ್ಣದ ಗಣಪತಿಯ ತಲೆಯ ಮೇಲೆ ಇಂದಿಗೂ ತೋರಿಸುವರು; ಗೆದ್ದವನಿಗೂ ಪೆಟ್ಟು ತಪ್ಪಲಿಲ್ಲ.) ಇಲ್ಲಿ ನಡೆದುದು ನಿಯಮಭಂಗವೇ ಹೊರತು ಲೋಭವಲ್ಲ. ವಸ್ತುವು ಶಪ್ತವಾಗಿದ್ದ ಪಕ್ಷದಲ್ಲಿ ಅದರ ಹೊದಿಕೆ ಬಿದ್ದ ನೆಲವು ಕ್ಷೇತ್ರವಾಗುತ್ತಿತ್ತೆ?

ಲೋಭವೂ ಶಾಪವೂ ಕೂಡಿರುವ ಕಥೆಗಾಗಿ ಕಾವೇರಿಯ ತೀರಕ್ಕೆ ಹೋಗಬೇಕು. 1610ರಲ್ಲಿ ರಾಜ ಒಡೆಯರು ಶ್ರೀರಂಗಪಟ್ಟಣವನ್ನು ವಶಪಡಿಸಿಕೊಂಡರು. ರಂಗನಾಯಕಿ ಅಮ್ಮನವರ ಅಲಂಕಾರಕ್ಕೆ ಸಲ್ಲುತ್ತಿದ್ದ ಒಡವೆಗಳು ತಿರುಮಲರಾಯನ ಮಡದಿ ಅಲಮೇಲಮ್ಮನಲ್ಲಿದ್ದುವು. ಅವುಗಳಿಗಾಗಿ ಆಳುಗಳು ಬೆನ್ನಟ್ಟಲು, ಆಕೆ ತಲಕಾಡು ಮಳಲಾಗಲೆಂದೂ, ಮಾಲಂಗಿ ಮಡುವಾಗಲೆಂದೂ, ಮೈಸೂರಿನ ಅರಸರಿಗೆ ಮಕ್ಕಳಾಗದಿರಲೆಂದೂ ಶಪಿಸಿ ಹೊಳೆಗೆ ಹಾರಿದಳೆಂದು ಐತಿಹ್ಯ. ಗಮನಿಸತಕ್ಕುದೇನೆಂದರೆ, ಈ ಮೂರರಲ್ಲಿ ಒಡವೆಯ ಹೆಸರೇ ಇಲ್ಲ. ದೇವಿಯ ಮೈಮೇಲಿದ್ದಾಗ ಅವು ಮಂಗಳಾಭರಣಗಳು. ಬಲಾತ್ಕಾರದಿಂದ ಬಯಸಿದಾಗ ಕೇಡು ತಗುಲಿದುದು ಬಯಸಿದವನ ವಂಶಕ್ಕೆ. ಅಷ್ಟೇ ಆಗಿದ್ದರೆ ನೀತಿಬೋಧೆಯು ಸುಲಭವಾಗುತ್ತಿತ್ತು. ಆದರೆ ತಲಕಾಡಿನವರು ಯಾವ ಒಡವೆಯನ್ನು ಬಯಸಿದ್ದರು? ಅರಸನ ಆಶೆಗೆ ಊರಿಗೆ ಊರೇ ಮಳಲಿನಡಿ ಹೂತುಹೋಗಬೇಕೆಂಬುದು ಈ ಕಥೆಯ ಕಟುತ್ವ; ಪಾಠ ಹೇಳುವವರು ಇದನ್ನು ಮೃದುಗೊಳಿಸತಕ್ಕುದಲ್ಲ.

ಶಾಪಕ್ಕೊಳಗಾದ ಮನೆತನವೇ ಶಪಿಸಿದವಳ ಮೂರ್ತಿಯನ್ನು ಮೈಸೂರು ಅರಮನೆಯಲ್ಲಿ ಪೂಜಿಸುತ್ತ ಬಂದಿದೆ. ಒಡವೆಯ ಆಶೆಯನ್ನು ಮಾತ್ರ ಖಂಡಿಸುವ ವ್ಯಾಖ್ಯಾನದಲ್ಲಿ ಆ ಪೂಜೆಗೆ ಎಡೆಯೇ ದೊರೆಯದು.